ಅಗೆಯದೆ ನೆಲದೊಳಗೆ ಇಣುಕುವುದು ಹೇಗೆ?

2023ರಲ್ಲಿ ಜ್ಞಾನವಾಪಿಯ ಸರ್ವೆ ನಡೆದಾಗ ‘ಜಿಪಿಆರ್’ ಎಂಬ ಪದ, ಅಂದರೆ ನೆಲದೊಳಗನ್ನು ಪರೀಕ್ಷಿಸುವ ರಾಡಾರ್‌ನ ಹೆಸರು, ನಮ್ಮ ಸುದ್ದಿಗಳಲ್ಲಿ ಓಡಾಡಿತು. 2025ರ ಆಗಸ್ಟ್‌ನಲ್ಲಿ ಧರ್ಮಸ್ಥಳದ ತನಿಖೆಗೆ ಎಸ್‌ಐಟಿಯವರು ಡ್ರೋನ್‌ಗೆ ಕಟ್ಟಿದ ಜಿಪಿಆರ್ ತಂದ ಮೇಲಂತೂ ಅದು ಮನೆಮನೆಯ ಮಾತಾಯಿತು. ಆ ಎರಡು ಪ್ರಕರಣಗಳ ವಿಷಯಕ್ಕೆ ನಾನಿಲ್ಲಿ ಹೋಗುತ್ತಿಲ್ಲ. ಆದರೆ ಆಗ ಬಹಳ ಜನರಿಗೆ ಬಂದ ಪ್ರಶ್ನೆ ಇದೆಯಲ್ಲ, ‘ಮಣ್ಣಿನ ಒಳಗಿರೋದು ಆ ಯಂತ್ರಕ್ಕೆ ಫೋಟೊ ಥರ ಕಾಣುತ್ತಾ?’ ಅಂತ, ಅದಕ್ಕೆ ಸರಿಯಾದ ಉತ್ತರ ಸಿಗಬೇಕು. ಈ ಯಂತ್ರಗಳನ್ನು ಅತಿ ಹೆಚ್ಚು ತಾಳ್ಮೆಯಿಂದ ಬಳಸಿ, ತಪ್ಪಿ, ತಿದ್ದಿಕೊಂಡವರಲ್ಲಿ ಪುರಾತತ್ವದವರೂ ಇದ್ದಾರೆ. ಅವರ ಕೆಲಸ ನೋಡಿದರೆ ವಿಷಯ ತಾನಾಗಿ ತಿಳಿಯಾಗುತ್ತದೆ.

ಮೊದಲು ಒಂದು ಹೊಲದ ಕಥೆ

ನಾರ್ವೆ ದೇಶದ ಆಗ್ನೇಯ ಮೂಲೆಯಲ್ಲಿ, ಹಾಲ್ಡೆನ್ ಪಟ್ಟಣದ ಹತ್ತಿರ, ಯೆಲ್ಲೆಸ್ಟಾಡ್ ಅಂತ ಒಂದು ಜಾಗ. ಅಲ್ಲಿ ಒಬ್ಬ ರೈತರು ಹೊಲದ ನೀರು ಬಸಿದು ಹೋಗಲಿ ಅಂತ ನೆಲದೊಳಗೆ ಪೈಪು ಹೂಳಬೇಕೆಂದಿದ್ದರು. ಪಕ್ಕದಲ್ಲೇ ಹಳೇ ಕಾಲದ ದೊಡ್ಡದೊಂದು ಸಮಾಧಿ ದಿಬ್ಬ ಇದ್ದುದರಿಂದ ಅಗೆಯುವ ಮೊದಲು ನೆಲವನ್ನು ಪರೀಕ್ಷಿಸಬೇಕಾಯಿತು. 2018ರಲ್ಲಿ ತಜ್ಞರು ಬಂದು ರಾಡಾರ್ ಕಟ್ಟಿದ ಗಾಡಿಯೊಂದನ್ನು ಹೊಲದ ಉದ್ದಗಲಕ್ಕೂ ಓಡಿಸಿದರು. ಒಂದು ಹಿಡಿ ಮಣ್ಣನ್ನೂ ಎತ್ತಲಿಲ್ಲ.

ಕಂಪ್ಯೂಟರಿನಲ್ಲಿ ಮೂಡಿದ ನಕ್ಷೆಯಲ್ಲಿ ಬಳೆಗಳಂಥ ಗುಂಡನೆಯ ಗುರುತುಗಳು ಕಂಡವು. ಒಂದು ಕಾಲಕ್ಕೆ ಅಲ್ಲೂ ಸಮಾಧಿ ದಿಬ್ಬಗಳಿದ್ದವು, ಉತ್ತು ಉತ್ತು ನೆಲಸಮವಾಗಿದ್ದವು. ಅಂಥ ಒಂದು ಬಳೆಯ ಒಳಗೆ ಎರಡು ತುದಿಯೂ ಚೂಪಾದ, ಸುಮಾರು 20 ಮೀಟರ್ ಉದ್ದದ ಒಂದು ಆಕಾರ. ಹಡಗು! ಆ ಕಾಲದ ಉತ್ತರ ಯುರೋಪಿನ ಕಡಲಯಾನಿಗಳಾದ ವೈಕಿಂಗರು ತಮ್ಮ ಗಣ್ಯರನ್ನು ಹಡಗಿನಲ್ಲಿಟ್ಟು, ಹಡಗಿನ ಸಮೇತ ಹೂಳುತ್ತಿದ್ದರು. ಸಾವಿರ ವರ್ಷಕ್ಕೂ ಹಿಂದಿನ ಆ ಹಡಗು ನೆಲದಿಂದ ಬರೀ ಅರ್ಧ ಮೀಟರ್ ಕೆಳಗಿತ್ತು. ಪೈಪಿಗೆ ಕಾಲುವೆ ತೋಡಿದ್ದರೆ ಏನಾಗುತ್ತಿತ್ತು ಅಂತ ಯೋಚಿಸಿದರೆ ನನಗೆ ಈಗಲೂ ಎದೆ ಝಲ್ಲೆನ್ನುತ್ತದೆ.

ಯಂತ್ರಕ್ಕೆ ಕಾಣುವುದು ವ್ಯತ್ಯಾಸ ಮಾತ್ರ

ಮಡಕೆ ಕೊಳ್ಳುವಾಗ ಬೆರಳಲ್ಲಿ ತಟ್ಟಿ ನೋಡುತ್ತೇವೆ ಅಲ್ವಾ? ಗಟ್ಟಿ ಮಡಕೆ ಠಣ್ ಅನ್ನುತ್ತದೆ, ಬಿರುಕು ಬಿಟ್ಟದ್ದು ಬೊದ್ದು ಸದ್ದು ಕೊಡುತ್ತದೆ. ಬಿರುಕು ಕಣ್ಣಿಗೆ ಬಿದ್ದಿರುವುದಿಲ್ಲ. ಸದ್ದು ಬೇರೆಯಾಯಿತು, ಅಷ್ಟೇ ಗೊತ್ತಾಗುವುದು. ನೆಲವನ್ನು ಪರೀಕ್ಷಿಸುವ ಎಲ್ಲ ಯಂತ್ರಗಳೂ ಮಾಡುವುದು ಇದನ್ನೇ. ವಿದ್ಯುತ್ತನ್ನೋ ರೇಡಿಯೊ ಅಲೆಯನ್ನೋ ಕಳಿಸಿ, ಇಲ್ಲವೇ ಕಾಂತಶಕ್ತಿಯನ್ನು ಅಳೆದು, ‘ಈ ಜಾಗ ಅಕ್ಕಪಕ್ಕದ ಮಣ್ಣಿನ ಹಾಗಿಲ್ಲ’ ಅಂತ ಹೇಳುತ್ತವೆ. ಅಂಥ ಜಾಗಕ್ಕೆ ತಜ್ಞರು ‘ಅನಾಮಲಿ’ ಅನ್ನುತ್ತಾರೆ. ಸುದ್ದಿಯಲ್ಲಿ ಈ ಪದ ಕೇಳಿದಾಗ ಅದನ್ನು ‘ಏನೋ ಸಿಕ್ಕಿತು’ ಅಂತ ಓದಬೇಡಿ. ‘ಇಲ್ಲೇನೋ ಬೇರೆ ಥರ ಇದೆ’ ಅಂತ ಮಾತ್ರ ಓದಿ.

ಸರಿ, ನೂರಾರು ವರ್ಷದ ಮೇಲೂ ಆ ವ್ಯತ್ಯಾಸ ಯಾಕೆ ಉಳಿದಿರುತ್ತದೆ? ಯಾಕೆಂದರೆ ಒಮ್ಮೆ ಅಗೆದ ನೆಲ ಮತ್ತೆ ಮೊದಲಿನ ಹಾಗೆ ಆಗುವುದಿಲ್ಲ. ತೆಂಗಿನ ಸಸಿಗೆ ಗುಂಡಿ ತೋಡಿ, ಸಸಿ ಹಿಡಿಯದೆ ಮುಚ್ಚಿಬಿಟ್ಟಿರುತ್ತೀರಿ. ಎರಡು ಮಳೆಗಾಲ ಕಳೆದ ಮೇಲೆ ನೋಡಿ, ಆ ಜಾಗ ಸ್ವಲ್ಪ ಕುಸಿದಿರುತ್ತದೆ, ಹುಲ್ಲು ಅಲ್ಲಿ ಜಾಸ್ತಿ ಹಸಿರಾಗಿರುತ್ತದೆ. ಮೇಲ್ಮಣ್ಣು ಕೆಳಗೆ ಹೋಗಿ ಸಡಿಲವಾಗಿ ಕೂತಿರುತ್ತದೆ, ನೀರು ಹಿಡಿದಿಟ್ಟುಕೊಳ್ಳುತ್ತದೆ. ಕಂದಕ, ಹಗೇವು, ಸಮಾಧಿ, ಕಂಬ ನೆಟ್ಟ ಗುಳಿ, ಇವೆಲ್ಲವೂ ಹಾಗೆಯೇ. ಮೇಲೆ ಏನೂ ಉಳಿದಿರದಿದ್ದರೂ ಮಣ್ಣಿನೊಳಗೆ ಗುರುತು ಇರುತ್ತದೆ.

ಬೋರ್‌ವೆಲ್ ಪಾಯಿಂಟ್ ಗೊತ್ತಲ್ವಾ?

ನಮ್ಮ ಕಡೆ ಬೋರ್ ಕೊರೆಸುವ ಮೊದಲು ಪಾಯಿಂಟ್ ಮಾಡಿಸುತ್ತಾರೆ. ಕೆಲವರು ತೆಂಗಿನಕಾಯಿ ಹಿಡಿದು ನಡೆಯುವವರನ್ನು ಕರೆಸುತ್ತಾರೆ, ಕೆಲವರು ಜಿಯಾಲಜಿಸ್ಟ್‌ರನ್ನು. ಜಿಯಾಲಜಿಸ್ಟ್ ಬಂದರೆ ನೆಲಕ್ಕೆ ಸಾಲಾಗಿ ನಾಲ್ಕು ಕಬ್ಬಿಣದ ಗೂಟ ಹೊಡೆದು, ವೈರ್ ಎಳೆದು, ಮಧ್ಯೆ ಒಂದು ಪೆಟ್ಟಿಗೆ ಇಟ್ಟು ಅಳತೆ ಬರೆದುಕೊಳ್ಳುತ್ತಾರೆ. ಹೊರಗಿನ ಎರಡು ಗೂಟಗಳಿಂದ ಕರೆಂಟ್ ಹರಿಸುತ್ತಾರೆ, ಒಳಗಿನ ಎರಡರಿಂದ ನೆಲ ಅದನ್ನು ಎಷ್ಟು ತಡೆಯಿತು ಅಂತ ನೋಡುತ್ತಾರೆ. ಇದೇ ರೆಸಿಸ್ಟಿವಿಟಿ ಸರ್ವೆ. ಗೂಟಗಳನ್ನು ದೂರ ದೂರ ಹೊಡೆದಷ್ಟೂ ಹೆಚ್ಚು ಆಳದ ಸುದ್ದಿ ಬರುತ್ತದೆ.

ಪುರಾತತ್ವದಲ್ಲೂ ಇದೇ ಉಪಾಯ, ಆದರೆ ಮೇಲುಮೇಲಿನ ಒಂದು ಮೀಟರ್ ಸಾಕು. ಆದ್ದರಿಂದ ಗೂಟಗಳನ್ನು ಅರ್ಧ ಮೀಟರ್ ಅಂತರದಲ್ಲಿ ಒಂದು ಚೌಕಟ್ಟಿಗೆ ಕೂರಿಸಿ, ಮೀಟರಿಗೊಮ್ಮೆ ನೆಲಕ್ಕೆ ಚುಚ್ಚುತ್ತಾ ಸಾಗುತ್ತಾರೆ. 20 ಮೀಟರ್ ಉದ್ದ, 20 ಮೀಟರ್ ಅಗಲದ ಒಂದು ಚೌಕಕ್ಕೆ 400 ಅಳತೆ. ಎಕರೆಗೆ ಅಂಥ ಹತ್ತು ಚೌಕ, ಅಂದರೆ ನಾಲ್ಕು ಸಾವಿರ ಸಲ ಬಗ್ಗಿ ಚುಚ್ಚಬೇಕು. ಒಣಗಿದ ಕಲ್ಲಿನ ಗೋಡೆ ಇದ್ದ ಕಡೆ ಕರೆಂಟಿಗೆ ತಡೆ ಜಾಸ್ತಿ. ಹೂಳು ತುಂಬಿದ ಹಳೆ ಕಂದಕದಲ್ಲಿ ತೇವ ಇರುವುದರಿಂದ ತಡೆ ಕಮ್ಮಿ. ಹೆಚ್ಚಿನ ಅಂಕಿಗೆ ಕಪ್ಪು, ಕಡಿಮೆ ಅಂಕಿಗೆ ಬಿಳಿ ಬಣ್ಣ ಹಚ್ಚುತ್ತಾ ಹೋದರೆ ನಕ್ಷೆಯಲ್ಲಿ ಗೋಡೆಗಳು ಗೆರೆಗಳಾಗಿ ಏಳುತ್ತವೆ.

1946ರಲ್ಲಿ ಇಂಗ್ಲೆಂಡಿನ ಆಕ್ಸ್‌ಫರ್ಡ್ ಹತ್ತಿರದ ಡಾರ್ಚೆಸ್ಟರ್ ಎಂಬ ಊರಿನಲ್ಲಿ ಪುರಾತತ್ವಜ್ಞ ರಿಚರ್ಡ್ ಅಟ್ಕಿನ್ಸನ್ ಈ ವಿಧಾನವನ್ನು ಪುರಾತತ್ವಕ್ಕೆ ತಂದರು. ಇದರ ಮುಖ್ಯ ತೊಂದರೆ ಎಂದರೆ ಎಲ್ಲವೂ ತೇವದ ಮೇಲೆ ನಿಂತಿದೆ. ಬೇಸಿಗೆಯಲ್ಲಿ ಚೆನ್ನಾಗಿ ಕಂಡ ಕಂದಕ ಜೋರು ಮಳೆ ಬಿದ್ದ ವಾರದಲ್ಲಿ ಕಾಣದೇ ಹೋಗಬಹುದು. ಎಲ್ಲ ಕಡೆಯೂ ಒಂದೇ ಥರ ಒದ್ದೆಯಾದರೆ ವ್ಯತ್ಯಾಸ ಎಲ್ಲಿಂದ ಬರಬೇಕು?

ಬೆಂಕಿ ಕಂಡ ಮಣ್ಣು

ನನಗೆ ಇವುಗಳಲ್ಲಿ ತುಂಬ ಇಷ್ಟವಾದದ್ದು ಕಾಂತೀಯ ಸರ್ವೆ, ಮ್ಯಾಗ್ನೆಟೊಮೀಟರಿನದು. ಇದು ನೆಲದೊಳಗೆ ಏನನ್ನೂ ಕಳಿಸುವುದಿಲ್ಲ. ಸುಮ್ನೆ ಅಳೆಯುತ್ತದೆ.

ಭೂಮಿಯೇ ಒಂದು ದೊಡ್ಡ ಅಯಸ್ಕಾಂತ ಅಂತ ಶಾಲೆಯಲ್ಲಿ ಓದಿದ್ದೇವೆ. ಮಣ್ಣಿನಲ್ಲಿ ಕಬ್ಬಿಣದ ಅಂಶದ ಸಣ್ಣ ಸಣ್ಣ ಕಣಗಳಿರುತ್ತವೆ. ಒಂದೊಂದು ಕಣವೂ ಪುಟ್ಟ ದಿಕ್ಸೂಚಿ ಮುಳ್ಳಿನ ಹಾಗೆ, ಆದರೆ ಒಂದು ಅತ್ತ, ಒಂದು ಇತ್ತ ತಿರುಗಿ ಕೂತಿರುತ್ತವೆ. ಹಾಗಾಗಿ ಒಂದರ ಬಲವನ್ನು ಇನ್ನೊಂದು ಅಳಿಸಿಹಾಕುತ್ತದೆ. ಕುಂಬಾರನ ಆವಿಗೆಯಲ್ಲೋ ಕಬ್ಬಿಣ ಕರಗಿಸುವ ಕುಲುಮೆಯಲ್ಲೋ ಮಣ್ಣು ಚೆನ್ನಾಗಿ ಕಾದಾಗ ಅವುಗಳ ಹಿಡಿತ ಸಡಿಲಾಗುತ್ತದೆ. ಅಂಥ ಕಣಗಳಲ್ಲಿ ಒಂದಾದ ಮ್ಯಾಗ್ನೆಟೈಟ್‌ಗೆ ಇದು ಆಗುವುದು ಸುಮಾರು 580 ಡಿಗ್ರಿ ಸೆಲ್ಸಿಯಸ್ ದಾಟಿದಾಗ. ಮತ್ತೆ ಆರುವಾಗ ಅವೆಲ್ಲ ಅವತ್ತಿನ ಭೂಮಿಯ ಕಾಂತ ಯಾವ ಕಡೆ ಇತ್ತೋ ಆ ಕಡೆಗೆ ವಾಲಿ ಗಟ್ಟಿಯಾಗುತ್ತವೆ. ಆಮೇಲೆ ಎರಡು ಸಾವಿರ ವರ್ಷ ಕಳೆದರೂ ಆ ಒಲೆ ಒಂದು ಸಣ್ಣ ಅಯಸ್ಕಾಂತವಾಗಿಯೇ ಉಳಿದಿರುತ್ತದೆ. ಯಾರೋ ಒಂದು ದಿನ ಬೆಂಕಿ ಹಾಕಿದ್ದು ಮಣ್ಣಿಗೆ ಇನ್ನೂ ನೆನಪಿದೆ!

ಸುಡದ ಗುಂಡಿಯೂ ಕಾಣುತ್ತದೆ. ಜನ ಬದುಕಿದ ಜಾಗದ ಮೇಲ್ಮಣ್ಣು, ಒಲೆಯ ಬೂದಿ, ಕೊಳೆತ ಕಸ, ಇವುಗಳಲ್ಲಿ ಕಾಂತಗುಣ ಒಳಮಣ್ಣಿಗಿಂತ ಸ್ವಲ್ಪ ಹೆಚ್ಚು. ಇವು ಗುಂಡಿಗೆ ಬಿದ್ದು ತುಂಬಿಕೊಂಡಿದ್ದರೆ ಗುಂಡಿಯ ಆಕಾರ ಸಿಗುತ್ತದೆ.

ಎಷ್ಟು ಸಣ್ಣ ವ್ಯತ್ಯಾಸ ನೋಡಿ. ಭೂಮಿಯ ಕಾಂತಬಲವನ್ನು ನ್ಯಾನೊಟೆಸ್ಲಾ ಎಂಬ ಅಳತೆಯಲ್ಲಿ ಹೇಳುತ್ತಾರೆ, ನಮ್ಮ ದಕ್ಷಿಣ ಭಾರತದಲ್ಲಿ ಅದು ಹತ್ತಿರ ಹತ್ತಿರ 40,000. ಒಂದು ಹಳೇ ಗುಂಡಿ ಅದರಲ್ಲಿ ಮಾಡುವ ಏರುಪೇರು ಒಂದೋ ಎರಡೋ, ಹೆಚ್ಚೆಂದರೆ ಹತ್ತೋ. ಅದಕ್ಕೇ ಈ ಯಂತ್ರ ಹಿಡಿದು ನಡೆಯುವವರ ಮೈಮೇಲೆ ಕಬ್ಬಿಣದ ಚೂರೂ ಇರಬಾರದು. ಬೆಲ್ಟಿನ ಬಕಲ್ ಇಲ್ಲ, ಪ್ಯಾಂಟಿನ ಜಿಪ್ ಇಲ್ಲ, ಬೀಗದ ಕೈ, ಮೊಬೈಲ್ ಇಲ್ಲ, ಶೂ ಒಳಗಿನ ಮೊಳೆಯೂ ಆಗದು. ನೆಲದ ಮೇಲೆ ಮೀಟರಿಗೊಂದರಂತೆ ಹಗ್ಗ ಎಳೆದಿರುತ್ತಾರೆ. ಹಗ್ಗದ ಪಕ್ಕದಲ್ಲೇ, ಯಂತ್ರ ಓಲಾಡದಂತೆ, ಒಂದೇ ಸಮನಾದ ಹೆಜ್ಜೆ ಹಾಕುತ್ತಾ ಆ ತುದಿಗೆ ಹೋಗಿ ಈ ತುದಿಗೆ ಬರಬೇಕು, ಬಿಸಿಲಲ್ಲಿ ದಿನವಿಡೀ. ತುಂಬಿದ ಕೊಡ ಹೊತ್ತವರ ನಡಿಗೆ ಅದು.

ಈಗ ಹೆಚ್ಚಾಗಿ ಬಳಸುವ ಗ್ರೇಡಿಯೊಮೀಟರಿನಲ್ಲಿ ಒಂದರ ಮೇಲೊಂದು ಎರಡು ಸೆನ್ಸರ್ ಇರುತ್ತವೆ. ಭೂಮಿಯ ಕಾಂತ ಎರಡಕ್ಕೂ ಸಮ. ಹತ್ತಿರದ ಮಣ್ಣಿನ ಪ್ರಭಾವ ಮಾತ್ರ ಕೆಳಗಿನದಕ್ಕೆ ಜಾಸ್ತಿ ತಾಗುತ್ತದೆ. ಒಂದರಿಂದ ಇನ್ನೊಂದನ್ನು ಕಳೆದರೆ ಉಳಿಯುವುದು ನಮಗೆ ಬೇಕಾದ್ದು.

1958ರಲ್ಲಿ ಇಂಗ್ಲೆಂಡಿನ ಪೀಟರ್‌ಬರೋ ಹತ್ತಿರ, ವಾಟರ್ ನ್ಯೂಟನ್‌ನಲ್ಲಿ, ಹೆದ್ದಾರಿ ಅಗಲ ಮಾಡುವ ಕೆಲಸ ಬರುವುದಿತ್ತು. ಅಲ್ಲಿ ರೋಮನ್ ಕಾಲದ ಕುಂಬಾರರ ಆವಿಗೆಗಳಿವೆ ಅಂತ ಅಂದಾಜಿತ್ತು, ಆದರೆ ಎಲ್ಲಿ ಅಂತ ಅಗೆಯುವುದು? ಭೌತವಿಜ್ಞಾನಿ ಮಾರ್ಟಿನ್ ಐಟ್ಕನ್ ಮತ್ತವರ ಜೊತೆಗಾರರು ಮ್ಯಾಗ್ನೆಟೊಮೀಟರ್ ತಂದರು. ಅಳತೆ ಜಿಗಿದ ಕಡೆ ಅಗೆದಾಗ ಆವಿಗೆ ಸಿಕ್ಕಿತು. ಪುರಾತತ್ವದಲ್ಲಿ ಕಾಂತೀಯ ಸರ್ವೆ ಶುರುವಾದದ್ದು ಅಲ್ಲಿಂದ.

ಇನ್ನು ರಾಡಾರ್

ಎಲ್ಲರೂ ಕೇಳಿರುವ ಜಿಪಿಆರ್, ಅಂದರೆ ಗ್ರೌಂಡ್ ಪೆನೆಟ್ರೇಟಿಂಗ್ ರಾಡಾರ್, ನೆಲಕ್ಕೆ ರೇಡಿಯೊ ಅಲೆ ಕಳಿಸಿ ಮಾರ್ದನಿಗೆ ಕಾಯುವ ಯಂತ್ರ. ಬಾವಿಯೊಳಗೆ ಕೂಗಿದರೆ ಕೂಗು ವಾಪಸ್ ಬರುತ್ತದಲ್ಲ, ಹಾಗೆ. ಸಡಿಲ ಮಣ್ಣಿನಿಂದ ಗಟ್ಟಿ ಕಲ್ಲಿಗೆ, ಒಣ ಮಣ್ಣಿನಿಂದ ಒದ್ದೆ ಮಣ್ಣಿಗೆ, ಮಣ್ಣಿನಿಂದ ಟೊಳ್ಳಿಗೆ ದಾಟುವ ಗಡಿಯಲ್ಲಿ ಅಲೆಯ ಸ್ವಲ್ಪ ಭಾಗ ತಿರುಗಿ ಬರುತ್ತದೆ. ಬರಲು ಎಷ್ಟು ಹೊತ್ತಾಯಿತು ಎಂಬುದರಿಂದ ಆಳ ಲೆಕ್ಕ ಹಾಕುತ್ತಾರೆ. ಮಣ್ಣಿನಲ್ಲಿ ಅಲೆ ಒಂದು ನ್ಯಾನೊಸೆಕೆಂಡಿಗೆ ಸುಮಾರು 10 ಸೆಂಟಿಮೀಟರ್ ಹೋಗುತ್ತದೆ ಅಂತಿಟ್ಟುಕೊಳ್ಳಿ. ಒಂದು ಮೀಟರ್ ಆಳದ ಕಲ್ಲಿಗೆ ಬಡಿದು ವಾಪಸ್ ಬರಲು 20 ನ್ಯಾನೊಸೆಕೆಂಡ್. ಒಂದು ನ್ಯಾನೊಸೆಕೆಂಡ್ ಅಂದರೆ ಸೆಕೆಂಡಿನ ನೂರು ಕೋಟಿಯಲ್ಲಿ ಒಂದು ಪಾಲು.

ಪರದೆಯ ಮೇಲೆ ಇದು ಫೋಟೊ ಹಾಗೆ ಕಾಣುವುದೇ ಇಲ್ಲ. ಒಂಟಿ ಕಲ್ಲೊಂದು ಅಲ್ಲಿ ಮಗುಚಿ ಹಾಕಿದ ಬಾಣಲೆಯಂತೆ ಕಾಣುತ್ತದೆ. ಯಾಕೆಂದರೆ ಗಾಡಿ ಕಲ್ಲಿನ ನೆತ್ತಿಗೆ ಬರುವ ಮೊದಲೇ ಅಲೆ ಓರೆಯಾಗಿ ಹೋಗಿ ಅದಕ್ಕೆ ತಾಗುತ್ತದೆ. ಆಗ ದೂರ ಜಾಸ್ತಿ, ಹಾಗಾಗಿ ಯಂತ್ರ ಅದನ್ನು ಆಳದಲ್ಲಿ ಬರೆಯುತ್ತದೆ. ಹತ್ತಿರವಾದಂತೆ ಗೆರೆ ಮೇಲೇರುತ್ತದೆ, ದಾಟಿ ಹೋದಂತೆ ಮತ್ತೆ ಇಳಿಯುತ್ತದೆ. ಒಂದರ ಪಕ್ಕ ಒಂದರಂತೆ ಇಂಥ ನೂರಾರು ಸಾಲು ಓಡಿಸಿ ಕಂಪ್ಯೂಟರಿಗೆ ಕೊಟ್ಟರೆ ಅದು ಆಳಕ್ಕೊಂದರಂತೆ ಅಡ್ಡ ಪದರಗಳನ್ನು ಕತ್ತರಿಸಿ ತೋರಿಸುತ್ತದೆ. ಬಾಳೆದಿಂಡನ್ನು ಬಿಲ್ಲೆ ಬಿಲ್ಲೆಯಾಗಿ ಹೆಚ್ಚುತ್ತಾ ಹೋದರೆ ಒಳಗಿನ ಸುತ್ತು ಒಂದೊಂದು ಬಿಲ್ಲೆಯಲ್ಲೂ ಕಾಣುತ್ತದಲ್ಲ, ಹಾಗೆ 30 ಸೆಂಟಿಮೀಟರ್ ಆಳದ ಬಿಲ್ಲೆ, 60ರದ್ದು, 90ರದ್ದು.

ಆಳ ಮತ್ತು ಸ್ಪಷ್ಟತೆ ಎರಡೂ ಒಟ್ಟಿಗೆ ಸಿಗುವುದಿಲ್ಲ. ದೂರದ ಜಾತ್ರೆಯಿಂದ ಡೊಳ್ಳಿನ ಸದ್ದು ಮನೆವರೆಗೂ ಕೇಳುತ್ತದೆ, ಹಾಡಿನ ಮಾತು ಕೇಳುವುದಿಲ್ಲ. ರಾಡಾರಿನಲ್ಲೂ ಕಡಿಮೆ ಫ್ರೀಕ್ವೆನ್ಸಿಯ ಅಲೆ ಆಳಕ್ಕೆ ಹೋಗುತ್ತದೆ, ಆದರೆ ಸಣ್ಣದನ್ನು ಗುರುತಿಸದು. ಹೆಚ್ಚಿನದು ಸಣ್ಣದನ್ನೂ ತೋರಿಸುತ್ತದೆ, ಬೇಗ ಸೋಲುತ್ತದೆ.

ಎಲ್ಲವೂ ಸರಿ ಬಂದರೆ ಏನು ಸಾಧ್ಯ ಅನ್ನುವುದಕ್ಕೆ ಇಟಲಿಯ ಫಲೇರಿ ನೋವಿ ನೋಡಬೇಕು. ರೋಮ್‌ನಿಂದ ಸುಮಾರು 50 ಕಿಲೋಮೀಟರ್ ಉತ್ತರಕ್ಕಿರುವ ಈ ರೋಮನ್ ಕಾಲದ ನಗರ ಈಗ ಬಹುಪಾಲು ಹೊಲ. ಕೇಂಬ್ರಿಡ್ಜ್ ಮತ್ತು ಗೆಂಟ್ ವಿಶ್ವವಿದ್ಯಾಲಯದವರು ಊರಿನ ಕೋಟೆಗೋಡೆಯೊಳಗಿನ ಪೂರ್ತಿ 30.5 ಹೆಕ್ಟೇರ್ ಜಾಗದ ಮೇಲೆ ರಾಡಾರ್ ಎಳೆದು 2020ರಲ್ಲಿ ನಕ್ಷೆ ಪ್ರಕಟಿಸಿದರು. ಬೀದಿಗಳು, ದೇವಾಲಯ, ಮಾರುಕಟ್ಟೆ, ಸ್ನಾನಗೃಹ, ಮನೆಗಳ ಅಡಿಯಲ್ಲಿ ಹಾದುಹೋದ ನೀರಿನ ಕೊಳವೆಗಳು ಕೂಡ! ಜ್ವಾಲಾಮುಖಿಯ ಬೂದಿಯಡಿ ಹೂತುಹೋದ ರೋಮನ್ ನಗರ ಪಾಂಪೆಯಲ್ಲಿ 1748ರಿಂದ ಅಗೆಯುತ್ತಿದ್ದರೂ ಇನ್ನೂ ಸುಮಾರು ಮೂರನೇ ಒಂದು ಭಾಗ ಮಣ್ಣಡಿಯಲ್ಲೇ ಇದೆ ಅನ್ನುವುದನ್ನು ನೆನೆದರೆ ಇದು ಎಷ್ಟು ದೊಡ್ಡ ಮಾತು ಅಂತ ತಿಳಿಯುತ್ತದೆ. ಮೇಲಾಗಿ ಅಗೆದ ಪದರವನ್ನು ವಾಪಸ್ ಜೋಡಿಸಲು ಆಗುವುದಿಲ್ಲ. ಇಲ್ಲಿ ಆ ಊರು ಹಾಗೇ ಇದೆ, ಇದಕ್ಕಿಂತ ಒಳ್ಳೆಯ ಪ್ರಶ್ನೆ ಇಟ್ಟುಕೊಂಡು ಮುಂದೆ ಬರುವವರಿಗಾಗಿ.

ನಮ್ಮ ನೆಲದಲ್ಲಿ ಯಾವುದು ನಡೆಯುತ್ತದೆ?

ಕರ್ನಾಟಕದ ಒಂದೊಂದು ಕಡೆ ಒಂದೊಂದು ಉತ್ತರ. ತಲಕಾಡಿನಂಥ ಒಣ ಮರಳಿನಲ್ಲಿ ರಾಡಾರ್ ಅಲೆ ಆರಾಮಾಗಿ ಇಳಿಯುತ್ತದೆ. ಉತ್ತರ ಕರ್ನಾಟಕದ ಎರೆ ಹೊಲಕ್ಕೆ ಹೋದರೆ ಕಥೆಯೇ ಬೇರೆ. ಎರೆ ಮಣ್ಣಿನಲ್ಲಿ ಜೇಡಿ ಜಾಸ್ತಿ, ಅದು ತೇವ ಹಿಡಿದುಕೊಳ್ಳುತ್ತದೆ, ತೇವದ ಜೇಡಿಯಲ್ಲಿ ಕರೆಂಟ್ ಸುಲಭವಾಗಿ ಹರಿಯುತ್ತದೆ, ಹಾಗಾಗಿ ರಾಡಾರ್ ಅಲೆ ಸ್ವಲ್ಪ ಇಳಿಯುವಷ್ಟರಲ್ಲೇ ಕರಗಿ ಹೋಗುತ್ತದೆ. ಕಡಲ ತೀರದ ಉಪ್ಪು ನೆಲದಲ್ಲೂ ಇದೇ ಪಾಡು. ‘ಜಿಪಿಆರ್‌ನಲ್ಲಿ ಏನೂ ಕಾಣಲಿಲ್ಲ’ ಅಂದರೆ ‘ಅಲ್ಲಿ ಏನೂ ಇಲ್ಲ’ ಅಂತಲ್ಲ. ಯಂತ್ರಕ್ಕೆ ಆ ನೆಲದೊಳಗೆ ಹೋಗಲು ಆಗಿಲ್ಲದಿರಬಹುದು. ಇದೊಂದನ್ನು ದಯವಿಟ್ಟು ಮರೆಯಬೇಡಿ.

ಕಾಂತೀಯ ಸರ್ವೆಗೆ ಬೇರೆ ತಲೆನೋವು. ವಿಜಯಪುರ, ಬೀದರ ಕಡೆಯ ಕಪ್ಪು ಬಸಾಲ್ಟ್ ಕಲ್ಲಿಗೆ, ಕರಾವಳಿ ಮಲೆನಾಡಿನ ಜಂಬಿಟ್ಟಿಗೆಗೆ ತಮ್ಮದೇ ಕಾಂತಗುಣ ಇದೆ. ಆ ಗಲಾಟೆಯ ನಡುವೆ ಒಂದು ಹಳೇ ಗುಂಡಿಯ ಪಿಸುಮಾತು ಕೇಳಿಸಬೇಕು. ಅದರ ಮೇಲೆ ಹೊಲದ ತಂತಿಬೇಲಿ, ಬೋರಿನ ಕೇಸಿಂಗ್ ಪೈಪ್, ಮುರಿದು ಬಿದ್ದ ನೇಗಿಲ ಕುಳ. ಆದರೆ ಕಬ್ಬಿಣ ಕರಗಿಸಿದ ಕುಲುಮೆಯ ಜಾಗ, ಕಿಟ್ಟದ ರಾಶಿ, ಸುಟ್ಟ ಮಣ್ಣು ಇದ್ದಲ್ಲಿ ಮೊದಲು ನೆನಪಾಗಬೇಕಾದ್ದು ಇದೇ ವಿಧಾನ. ಅನುಭವಿಗಳು ಒಂದೇ ಯಂತ್ರವನ್ನು ನೆಚ್ಚಿಕೊಳ್ಳುವುದಿಲ್ಲ. ಎರಡು ಮೂರು ವಿಧಾನದ ನಕ್ಷೆಗಳನ್ನು ಒಂದರ ಮೇಲೊಂದು ಇಟ್ಟು ನೋಡುತ್ತಾರೆ.

ಹಾಗೇ ಇನ್ನೊಂದು ಮಾತು, ಯಾಕೆಂದರೆ ಇದನ್ನು ಕೇಳದವರಿಲ್ಲ. ನಿಧಿ? ಮೇಲಿನ ಮೂರರಲ್ಲಿ ಯಾವುದಕ್ಕೂ ‘ಇದು ಚಿನ್ನ’ ಅಂತ ಹೇಳುವ ಶಕ್ತಿ ಇಲ್ಲ. ಚಿನ್ನವನ್ನು ಅಯಸ್ಕಾಂತ ಸೆಳೆಯುವುದಿಲ್ಲ, ಮ್ಯಾಗ್ನೆಟೊಮೀಟರಿಗೆ ಅದು ಲೆಕ್ಕಕ್ಕೇ ಇಲ್ಲ. ಚಿನ್ನ ತೋರಿಸುವ ಯಂತ್ರ ಅಂತ ಹೇಳಿಕೊಂಡು ಬರುವವರನ್ನು ನಂಬಿ ದುಡ್ಡು ಕಳೆದುಕೊಳ್ಳಬೇಡಿ. ನಿಧಿಯಾಸೆಗೆ ಪಾಳು ಗುಡಿಯ ನಂದಿಯನ್ನು ಕಿತ್ತು, ಗರ್ಭಗುಡಿ ಬಗೆದು ಹಾಕಿದ್ದನ್ನು ನೋಡಿದಾಗ ಹೊಟ್ಟೆ ಉರಿಯುತ್ತದೆ. ಹಾಗೆ ಬಗೆದ ಮೇಲೆ ಆ ನೆಲದಲ್ಲಿ ಯಾವ ಯಂತ್ರಕ್ಕೂ ಓದಲು ಏನೂ ಉಳಿದಿರುವುದಿಲ್ಲ.

ಕಲ್ಲು ಅಂದುಕೊಂಡದ್ದು ಕಲ್ಲಲ್ಲ

ತಜ್ಞರೂ ತಪ್ಪುತ್ತಾರೆ. ಹಳೇ ಕಾಲದ ಜನ ದೊಡ್ಡ ಕಲ್ಲುಗಳನ್ನು ವೃತ್ತಾಕಾರದಲ್ಲಿ ನಿಲ್ಲಿಸಿದ, ಇಂಗ್ಲೆಂಡಿನ ಪ್ರಸಿದ್ಧ ಸ್ಟೋನ್‌ಹೆಂಜ್‌ನಿಂದ ಮೂರು ಕಿಲೋಮೀಟರ್ ದೂರದಲ್ಲಿ ಡರಿಂಗ್ಟನ್ ವಾಲ್ಸ್ ಅಂತ ಒಂದು ಜಾಗ ಇದೆ. ಸುಮಾರು 500 ಮೀಟರ್ ಅಗಲದ, ಮಣ್ಣಿನ ಏರಿಯಿಂದ ಸುತ್ತುವರಿದ ಭಾರೀ ಬಳೆ. ಆ ಏರಿಯ ಅಡಿಯಲ್ಲಿ ರಾಡಾರ್ ಸಾಲು ಸಾಲು ಗುರುತು ತೋರಿಸಿತು. 2015ರಲ್ಲಿ, ಸುಮಾರು 90 ದೊಡ್ಡ ಕಲ್ಲುಗಳು ಅಲ್ಲಿ ಮಲಗಿವೆ ಎಂಬ ಸುದ್ದಿ ಜಗತ್ತಿನ ತುಂಬ ಹರಡಿತು. ಸ್ಟೋನ್‌ಹೆಂಜ್‌ಗಿಂತ ದೊಡ್ಡ ಇನ್ನೊಂದು ಸ್ಟೋನ್‌ಹೆಂಜ್ ಅಂತಲೇ ಜನ ಮಾತಾಡಿಕೊಂಡರು.

2016ರಲ್ಲಿ ಎರಡು ಕಡೆ ಅಗೆದು ನೋಡಿದರು. ಕಲ್ಲು ಇರಲಿಲ್ಲ. ಇದ್ದದ್ದು ದೊಡ್ಡ ಮರದ ಕಂಬಗಳನ್ನು ನೆಡಲು ತೋಡಿದ ಗುಳಿಗಳು. ಆ ಕಾಲದ ಜನ ಕಂಬಗಳನ್ನು ನೆಟ್ಟು, ಯಾಕೋ ಮತ್ತೆ ಮೇಲೆತ್ತಿ, ಗುಳಿಗಳಿಗೆ ಸುಣ್ಣಕಲ್ಲಿನ ಪುಡಿ ತುಂಬಿ ಮುಚ್ಚಿದ್ದರು. ಸುತ್ತಲಿನ ಮಣ್ಣಿಗಿಂತ ಆ ಪುಡಿ ಬೇರೆಯಾಗಿತ್ತು. ರಾಡಾರ್ ಅದನ್ನು ಸರಿಯಾಗಿಯೇ ಹೇಳಿತ್ತು. ‘ಕಲ್ಲು’ ಅಂತ ಓದಿದ್ದು ಮನುಷ್ಯರು. ಆ ತಂಡದವರೇ ಅಗೆಯುವ ಕೆಲಸಕ್ಕೂ ಕೈಹಾಕಿ, ಸಿಕ್ಕಿದ್ದನ್ನು ಮುಚ್ಚಿಡದೆ ಹೇಳಿದ್ದು ನನಗೆ ತುಂಬ ದೊಡ್ಡದಾಗಿ ಕಾಣುತ್ತದೆ. ನನ್ನನ್ನು ಕೇಳಿದರೆ ಸಿಕ್ಕಿದ ಸಂಗತಿಯೂ ಕಮ್ಮಿಯದಲ್ಲ. ನೆಟ್ಟ ಕಂಬಗಳನ್ನು ಅವರು ಯಾಕೆ ಕಿತ್ತರು?

ಮತ್ತೆ ಆ ಹಡಗಿಗೆ

ಯೆಲ್ಲೆಸ್ಟಾಡ್‌ನಲ್ಲಿ 2019ರಲ್ಲಿ ಒಂದು ಸಣ್ಣ ಗುಂಡಿ ತೋಡಿ ಪರೀಕ್ಷಿಸಿದಾಗ ಹಡಗು ಇರುವುದು ಖಚಿತವಾಯಿತು. ಜೊತೆಗೆ ಕೆಟ್ಟ ಸುದ್ದಿಯೂ ಬಂತು. ಉಳಿದಿದ್ದ ಮರಕ್ಕೆ ಶಿಲೀಂಧ್ರ ಹಿಡಿದು ಅದು ವೇಗವಾಗಿ ಕೊಳೆಯುತ್ತಿತ್ತು. ಹಾಗಾಗಿ ಕಾಯುವಂತಿರಲಿಲ್ಲ. 2020ರಲ್ಲಿ ಪೂರ್ತಿ ಉತ್ಖನನ ಶುರುವಾಯಿತು. 1904ರಲ್ಲಿ ಅಗೆದು ತೆಗೆದ ಓಸೆಬರ್ಗ್ ಎಂಬ ವೈಕಿಂಗ್ ಹಡಗಿನ ನಂತರ ನಾರ್ವೆಯಲ್ಲಿ ಇಂಥ ಕೆಲಸ ನಡೆದದ್ದು ಅದೇ ಮೊದಲು.

ಮೇಲಿನ ಮಣ್ಣು ತೆಗೆದಾಗ ಹಡಗಿನ ಆಕಾರ ಇತ್ತು, ಹಲಗೆಗಳು ಬಹುಪಾಲು ಇರಲಿಲ್ಲ. ಮರ ಮಣ್ಣಾಗಿಹೋಗಿತ್ತು, ತಳದ ಸ್ವಲ್ಪ ಭಾಗ ಬಿಟ್ಟರೆ. ಉಳಿದಿದ್ದವು ಹಲಗೆಗಳನ್ನು ಒಂದಕ್ಕೊಂದು ಜೋಡಿಸಿದ್ದ ಕಬ್ಬಿಣದ ಮೊಳೆಗಳು, ಸಾವಿರಕ್ಕೂ ಹೆಚ್ಚು, ತುಕ್ಕು ಹಿಡಿದು ಉಬ್ಬಿದವು. ಆದರೆ ಬಹಳಷ್ಟು ಮೊಳೆಗಳು ಮರವಿದ್ದಾಗ ಎಲ್ಲಿದ್ದವೋ ಅಲ್ಲೇ, ಸಾಲು ತಪ್ಪದೆ ಮಣ್ಣಿನಲ್ಲಿ ಕೂತಿದ್ದವು. ಒಂದೊಂದು ಮೊಳೆ ಎಲ್ಲಿತ್ತು, ಯಾವ ಕಡೆ ವಾಲಿತ್ತು ಅಂತ ಅಳೆದು ಬರೆದುಕೊಂಡು, ಆ ಸಾಲುಗಳಿಂದಲೇ ಹಲಗೆ ಹೇಗೆ ಬಾಗಿತ್ತು ಅಂತ ಈಗ ಲೆಕ್ಕ ಹಾಕುತ್ತಾರೆ.